ಬೆರಳು ಕಾಣುವ ಬಟ್ಟೆ

ಅವ್ವನ ದಿನಕರ್ಮ ಮುಗಿದ ಮರುದಿನ ಅವಳ ಟ್ರಂಕು ಬಿಚ್ಚಿ ಸೀರೆಗಳನ್ನು ವಿಂಗಡಿಸಲು ಕುಳಿತೆ. ಯಾವುದನ್ನು ಕೊಡಬೇಕು, ಯಾವುದನ್ನು ಇಟ್ಟುಕೊಳ್ಳಬೇಕು ಎಂದು ತೀರ್ಮಾನಿಸುವಷ್ಟು ಮನಸ್ಸು ಗಟ್ಟಿ ಇರಲಿಲ್ಲ. ಕೈ ಮಾತ್ರ ತನ್ನ ಪಾಡಿಗೆ ಕೆಲಸ ಮಾಡುತ್ತಿತ್ತು. ಸೀರೆಯ ಮಡಿಕೆ ಬಿಚ್ಚಿ ಬಾಗಿಲ ಬೆಳಕಿಗೆ ಹಿಡಿಯುವುದು, ಹಿಂದೆ ಇನ್ನೊಂದು ಕೈಯ ಬೆರಳು ಅಗಲಿಸುವುದು, ಬೆರಳು ಕಾಣುತ್ತವೆಯೇ ಎಂದು ನೋಡುವುದು. ಯಾರೂ ಕಲಿಸಿದ್ದಲ್ಲ, ನೋಡಿ ನೋಡಿ ಬಂದದ್ದು. ಅವ್ವ ಬದುಕಿರುವ ತನಕ ಬಟ್ಟೆಯನ್ನು ಹೀಗೇ ನೋಡಿದಳು. ಬೆರಳು ಕಂಡರೆ ಆ ಬಟ್ಟೆ ಜಾಳು. ಟ್ರಂಕಿನಲ್ಲಿದ್ದ ಯಾವ ಸೀರೆಯಲ್ಲೂ ನನ್ನ ಬೆರಳು ಕಾಣಲಿಲ್ಲ. ಎಲ್ಲ ನೈಲಾನು, ಪಾಲಿಯೆಸ್ಟರು, ಮದುವೆ ಮುಂಜಿಗೆ ಆಯೇರಿ ಎಂದು ಜನ ಕೊಟ್ಟವು. ಅಂಥವು ಬಣ್ಣ ಬಿಡುತ್ತವೆ, ಅಂಚು ಕಿತ್ತುಹೋಗುತ್ತದೆ, ಜಾಳಾಗುವುದಿಲ್ಲ. ಜಾಳಾಗಿದ್ದ ಒಂದೇ ಒಂದು ನೂಲಿನ ಸೀರೆ ಅವಳ ಜೊತೆ ಮಣ್ಣಿಗೆ ಹೋಗಿತ್ತು. ನಾನೇ ಅದನ್ನು ಅವಳ ಮೈಮೇಲಿನ ಹೊಸ ಸೀರೆಯ ಒಳಗೆ ಇಟ್ಟಿದ್ದೆ. ಆ ಹೊತ್ತಿಗೇ ರಾಯಚೂರಿನಿಂದ ಮಗಳ ಫೋನು ಬಂತು. ಅವಳಿಗೆ ದಿನ ತುಂಬಿತ್ತು. ಹೆರಿಗೆ ಅಲ್ಲಿನ ದವಾಖಾನೆಯಲ್ಲೇ ಎಂದು ಮೊದಲೇ ಗೊತ್ತುಮಾಡಿದ್ದೆವು.

"ಅವ್ವಾ, ಆಯಿ ಹಳೆ ಸೀರಿ ಒಂದು ತುಂಡು ತೆಗೆದಿಟ್ಟೀಯಿಲ್ಲ? ನಮ್ಮತ್ತಿ ಕೇಳಾಕತ್ತಾರ. ದೊಡ್ಡ ಜೀವ, ಎಂಬತ್ತು ದಾಟಿ ಹೋದಾಕಿ, ಅಕಿ ಅರಿವ್ಯಾಗ ಸುತ್ತಿದ್ರ ಕೂಸಿಗಿ ಆಯುಷ್ಯ ಅಂತ."

"ನೋಡ್ತೀನಿ ಇರು" ಎಂದು ಫೋನ್ ಇಟ್ಟೆ. ನೋಡುವುದು ಏನೂ ಇರಲಿಲ್ಲ. ಅವಳ ಅತ್ತೆ ಕೇಳಿದ್ದು ತಪ್ಪೂ ಅಲ್ಲ. ನಮ್ಮ ಸೀಮೆಯಲ್ಲಿ ಹುಟ್ಟಿದ ಕೂಸನ್ನು ಹೊಸ ಬಟ್ಟೆಯಲ್ಲಿ ಸುತ್ತುವುದಿಲ್ಲ. ಹೆಸರಿಡುವ ತನಕ ಹಳೆಯ ಬಟ್ಟೆಯೇ ಆಗಬೇಕು, ಅದೂ ಬಹಳ ವರ್ಷ ಬದುಕಿದವರು ಉಟ್ಟು ಜಾಳು ಮಾಡಿದ್ದಾಗಬೇಕು. ಈ ಒಂದು ಪದ್ಧತಿಯ ಸುತ್ತಲೇ ನನ್ನ ಬಾಲ್ಯದ ಮನೆ ಕಟ್ಟಿಕೊಂಡಿತ್ತು, ಈ ಪದ್ಧತಿಯಿಂದಲೇ ಒಡೆಯಿತು.

ಮನೆ ಎಂದರೆ ಮಾನ್ವಿಯ ಅಂಚಿನಲ್ಲಿ ಮಣ್ಣಿನ ಮಾಳಿಗೆಯ ಎರಡು ಖೋಲಿ, ಮುಂದೆ ಕಲ್ಲಿನ ಕಟ್ಟೆ, ಹಿಂದೆ ಬೇವಿನ ಗಿಡಕ್ಕೆ ಕಟ್ಟಿದ ಒಂದು ಆಡು. ನಾವು ಮೂಲದಲ್ಲಿ ದೇವದುರ್ಗದ ಕಡೆಯ ಜಾಲಹಳ್ಳಿಯ ಕುರಿಯವರು. ಬ್ಯಾನೆ ಬಂದು ಕುರಿ ಸತ್ತ ಮೇಲೆ ಅಪ್ಪ ರಾಯಚೂರಿನ ಹತ್ತಿ ಮಿಲ್ಲು ಸೇರಿದ. ವಾರಕ್ಕೊಮ್ಮೆ ಮನೆಗೆ ಬರುತ್ತಿದ್ದ. ಉಳಿದ ದಿನ ಮನೆಯಲ್ಲಿ ಮೂವರೇ: ಅವ್ವ, ನಾನು, ಅಪ್ಪನ ಅಪ್ಪ. ಅವನನ್ನು ನಾನು ಮುತ್ಯಾ ಎನ್ನುತ್ತಿದ್ದೆ, ಓಣಿಯೂ ಮುತ್ಯಾ ಎನ್ನುತ್ತಿತ್ತು. ಅವನ ವಯಸ್ಸು ಅವನಿಗೂ ಗೊತ್ತಿರಲಿಲ್ಲ. ನೂರು ಆಗಿರಬೇಕು ಎಂದು ಜನ ಆಡಿಕೊಳ್ಳುತ್ತಿದ್ದರು, ಅವನು ಅಲ್ಲ ಎನ್ನುತ್ತಿರಲಿಲ್ಲ. ಕಟ್ಟೆಯ ಮೇಲೆ ಕರಿ ಕಂಬಳಿ ಹಾಸಿಕೊಂಡು, ಬಿಳಿ ಧೋತರ ಉಟ್ಟು ಕೂತಿರುತ್ತಿದ್ದ. ಅವ್ವ ಅವನೆದುರು ತಲೆಯ ಮೇಲಿನ ಸೆರಗು ಇಳಿಸುತ್ತಿರಲಿಲ್ಲ, ನೇರವಾಗಿ ಮಾತನ್ನೂ ಆಡುತ್ತಿರಲಿಲ್ಲ. ಸೊಸೆ ಮಾವನೊಡನೆ ಮಾತಾಡುವುದು ನಮ್ಮಲ್ಲಿ ರೂಢಿಯಲ್ಲ. ಹಾಗೆಂದು ಮಾತು ನಿಲ್ಲುತ್ತದೆಯೇ? ಅವ್ವ ಆಡಿಗೆ ಹೇಳುತ್ತಿದ್ದಳು, ಮುತ್ಯಾ ಕೇಳಿಸಿಕೊಳ್ಳುತ್ತಿದ್ದ.

"ಏನ್ ಬೇ, ರೊಟ್ಟಿ ತಣ್ಣಗಾಗಾಕತ್ತ್ಯಾವು, ಎದ್ದು ಬರ್ತೀಯೋ, ಅಲ್ಲೇ ಕೂಡ್ತೀಯೋ?" ಎಂದು ಆಡನ್ನು ಗದರಿದಾಗ ಮುತ್ಯಾ ಎದ್ದು ಕೈತೊಳೆಯುತ್ತಿದ್ದ. ಉಪ್ಪು ಕಡಿಮೆಯಾದರೆ ಅವನು ನನಗೆ ಹೇಳುತ್ತಿದ್ದ, "ನಾಗೀ, ಆಡಿಗಿ ಇವತ್ತ ಉಪ್ಪು ನೆಕ್ಕಸ್ರಿ, ಮರತೀರಿ." ಅವ್ವ ಸೆರಗಿನೊಳಗೆ ನಗುತ್ತಿದ್ದಳು.

ಜಾಳು ಎಂಬ ಮಾತು ನಮ್ಮ ಮನೆಯಲ್ಲಿ ಉಪ್ಪಿನಷ್ಟೇ ಬಳಕೆಯಲ್ಲಿತ್ತು. ಬಂದಂತೆ ಮಾಡಿ ಹೋದ ಮಳೆ ಜಾಳು. ಸಾಲಿನಲ್ಲಿ ಅಲ್ಲೊಂದು ಇಲ್ಲೊಂದು ಎದ್ದ ಜೋಳದ ಬೆಳೆ ಜಾಳು. ಕೊಡುತ್ತೇನೆ ಎಂದು ಹೇಳಿ ಕೊಡದವನ ಮಾತು ಜಾಳು. ಸಂತೆಯಲ್ಲಿ ಈ ಮಾತು ಬೈಗುಳವಾಗುತ್ತಿತ್ತು. ಅವ್ವ ಬಟ್ಟೆಯ ಥಾನಿನ ತುದಿಯನ್ನು ಎತ್ತಿ ಬಿಸಿಲಿಗೆ ಹಿಡಿದು, ಹಿಂದೆ ಬೆರಳು ಆಡಿಸಿ, ಅಂಗಡಿಯವನನ್ನು ನೋಡುತ್ತಿದ್ದಳು.

"ಏನಪಾ, ಅರಿವಿ ಮಾರಾಕತ್ತೀಯೋ ಸಾಣಗಿ ಮಾರಾಕತ್ತೀಯೋ?"

"ಅಕ್ಕಾ, ಬ್ಯಾಸಗಿಗಿ ಚಲೋ ಅದ, ಗಾಳಿ ಆಡತದ."

"ಗಾಳಿ ಅಷ್ಟ ಆಡತದೇನು? ಊರ ಮಂದಿ ಕಣ್ಣೂ ಆಡತಾವ."

ಅದೇ ಮಾತು ಮನೆಯೊಳಗೆ ಬಂದರೆ ಅರ್ಥ ಬದಲಾಗುತ್ತಿತ್ತು. ಒಮ್ಮೆ ಅಪ್ಪ ರಾಯಚೂರಿನಿಂದ ಜಾಳಿಗೆ ಬನಿಯನ್ನು ಹಾಕಿಕೊಂಡು ಬಂದ. ಮಿಲ್ಲಿನಲ್ಲಿ ಎಲ್ಲರೂ ಅದನ್ನೇ ಹಾಕುತ್ತಿದ್ದರಂತೆ. ಮೈತುಂಬ ತೂತು, ತೂತಿನೊಳಗೆಲ್ಲ ಹತ್ತಿಯ ಎಳೆ ಸಿಕ್ಕಿಕೊಂಡು ಅಪ್ಪ ತುಪ್ಪಳ ಉದುರುವ ಮೊಲದ ಹಾಗೆ ಕಾಣುತ್ತಿದ್ದ. ಮುತ್ಯಾ ಅವನನ್ನು ಮೇಲಿಂದ ಕೆಳಗೆ ನೋಡಿದ.

"ಇದೇನಲೇ, ಚೀಕಲಪರ್ವಿ ಹೊಳಿಗಿ ಮೀನಾ ಹಿಡಿಯಾಕ ಹೊಂಟೀಯೇನು?"

"ಬೆವರು ಆರತದಪಾ."

"ಮೀನಾ ಸಿಕ್ರ ಮನಿಗಿ ತಾ."

ನಾನು ಆ ಬನಿಯನ್ನಿನ ತೂತಿನಲ್ಲಿ ಬೆರಳು ತೂರಿಸಿ, "ಅವ್ವಾ, ಇದು ಜಾಳ ಅಲ್ಲೇನು?" ಎಂದು ಕೇಳಿದೆ. ಅವ್ವ ರೊಟ್ಟಿ ಬಡಿಯುವುದನ್ನು ನಿಲ್ಲಿಸದೆ ಹೇಳಿದ್ದು ಇವತ್ತಿಗೂ ನೆನಪಿದೆ.

"ಅದು ಹುಟ್ಟುತ್ತಲೇ ತೂತ. ಅದಕ್ಕ ಜಾಳ ಅಂತಾರೇನು? ಜಾಳ ಆಗಬೇಕಂದ್ರ ಒಂದು ಮೈ ಉಡಬೇಕು, ಒಂದು ಕೈ ಒಗೀಬೇಕು, ವರ್ಷಾನಗಟ್ಟಲೆ ತಿನ್ನಬೇಕು."

ಉಡುವ ಮೈ ಮುತ್ಯಾನದು, ಒಗೆಯುವ ಕೈ ಅವ್ವನದು. ಅಲ್ಲಿಂದಲೇ ನಮ್ಮ ಮನೆಗೆ ಒಂದು ಹೆಸರು ಬಂದಿತ್ತು. ಮಾನ್ವಿಯ ಯಾವ ಓಣಿಯಲ್ಲಿ ಬಸುರಿಗೆ ದಿನ ತುಂಬಿದರೂ ಯಾರಾದರೊಬ್ಬ ಹೆಂಗಸು ನಮ್ಮ ಕಟ್ಟೆಗೆ ಬಂದು ನಿಲ್ಲುತ್ತಿದ್ದಳು. "ಯಪ್ಪಾ, ನಿನ್ನ ಧೋತರದ ಒಂದು ತುಂಡು ಕೊಡು." ಮುತ್ಯಾ ಒಳಗೆ ಕೂಗುತ್ತಿದ್ದ. ಅವ್ವ ಬಟ್ಟೆ ಹಾಕುವ ಗಳದ ಮೇಲಿನ ಹಳೆಯ ಧೋತರ ತಂದು ಬೆಳಕಿಗೆ ಹಿಡಿದು, ಬೆರಳು ನೋಡಿ, ಸರಿಯಾದದ್ದನ್ನು ನನ್ನ ಕೈಯಲ್ಲಿ ಕಳಿಸುತ್ತಿದ್ದಳು. ಅದಕ್ಕೆ ಕತ್ತರಿ ತಾಗಿಸುವಂತಿರಲಿಲ್ಲ. ಮುತ್ಯಾ ಅಂಚನ್ನು ಹಲ್ಲಿನಿಂದ ಕಚ್ಚಿ ಕೈಯಿಂದಲೇ ಹರಿಯುತ್ತಿದ್ದ. ಜಾಳಾದ ಬಟ್ಟೆ ಹರಿಯುವಾಗ ಸದ್ದಾಗುವುದಿಲ್ಲ, ಉಸಿರು ಬಿಟ್ಟಂತೆ ಬಿಚ್ಚಿಕೊಳ್ಳುತ್ತದೆ. ತುಂಡನ್ನು ಹಣೆಗೆ ಮುಟ್ಟಿಸಿ, "ನನ್ನಷ್ಟು ಬದುಕಲಿ, ನನಗಿಂತ ಚಲೋ ಬದುಕಲಿ" ಎಂದು ಕೊಡುತ್ತಿದ್ದ. ಕೂಸಿಗೆ ಹೆಸರಿಟ್ಟ ಮೇಲೆ ಆ ಮನೆಯವರು ಒಂದು ಹೊಸ ಧೋತರ ತಂದು ಅವನ ಹೆಗಲಿಗೆ ಹೊದಿಸುತ್ತಿದ್ದರು. ಅದು ಗಂಜಿಯಲ್ಲಿ ಬಿರುಸಾಗಿ ತಗಡಿನಂತೆ ಇರುತ್ತಿತ್ತು. ಅವ್ವ ಸೋಡಾ ಹಾಕಿ ಕುದಿಸಿ, ಹಳ್ಳದ ಕಲ್ಲಿಗೆ ಬಡಿದು ಬಡಿದು ಅದನ್ನು ಮತ್ತೊಬ್ಬರ ಕೂಸಿಗೆ ತಯಾರು ಮಾಡುತ್ತಿದ್ದಳು. ಪಕ್ಕದ ಮನೆಯ ಖಾಜಾಬಿ ಓಣಿಯ ಹೆರಿಗೆಗಳನ್ನೆಲ್ಲ ಮಾಡಿಸುವವಳು. ಅವಳ ಮೊಮ್ಮಗ ಮೆಹಬೂಬ್ ಹುಟ್ಟಿದಾಗಲೂ ಸುತ್ತಿದ್ದು ನಮ್ಮ ಮುತ್ಯಾನ ಧೋತರದಲ್ಲೇ.

ನನಗೆ ಏಳೋ ಎಂಟೋ ವರ್ಷವಿದ್ದಾಗ ಅವ್ವ ಮತ್ತೆ ಬಸುರಾದಳು. ನನ್ನ ಬೆನ್ನಿಗೆ ಒಂದು ಹೊಟ್ಟೆಯಲ್ಲೇ ಹೋಗಿತ್ತಂತೆ. ಹಾಗಾಗಿ ಈ ಸಲ ಅವಳು ಜೋರಾಗಿ ನಡೆಯುತ್ತಲೂ ಇರಲಿಲ್ಲ. ತಿಂಗಳು ತುಂಬುತ್ತಿದ್ದ ಹಾಗೆ ಒಂದು ಮಧ್ಯಾಹ್ನ ನನ್ನನ್ನು ಬಾಗಿಲಲ್ಲಿ ನಿಲ್ಲಿಸಿ, ಕಟ್ಟೆಗೆ ಕೇಳುವಂತೆ ಹೇಳಿದಳು.

"ನಾಗೀ, ನಿಮ್ಮ ಮುತ್ಯಾನ್ನ ಕೇಳು. ಗಳದ ಮ್ಯಾಲಿಂದು ಜಾಳ ಆಗ್ಯದ. ಮನಿ ಕೂಸಿಗಿ ಇಡಲೇನು?"

ಮುತ್ಯಾ ಕಂಬಳಿಯ ಅಂಚು ಎಳೆದು ಸರಿಮಾಡಿಕೊಂಡ. ಆಮೇಲೆ ನನ್ನ ಮುಖ ನೋಡದೆ ಹೇಳಿದ, "ನಿಮ್ಮವ್ವಗ ಹೇಳು, ಮನಿಗಿ ಬ್ಯಾಡ. ನಿಮ್ಮವ್ವನ ತವರಮನಿಯಿಂದ ಯಾರದರ ಹಳೆ ಅರಿವಿ ತರಸ್ರಿ."

"ಯಾಕಂತ ಕೇಳು."

"ಬ್ಯಾಡ ಅಂದೆ. ಬ್ಯಾಡ."

ಮರುದಿನವೇ ಬೇರೆ ಓಣಿಯ ಹೆಂಗಸೊಬ್ಬಳು ಬಂದಳು. ಮುತ್ಯಾ ಅದೇ ಧೋತರದ ತುಂಡನ್ನು ಹರಿದು, ಹಣೆಗೆ ಮುಟ್ಟಿಸಿ ಕೊಟ್ಟ. ಒಳಗೆ ಅವ್ವ ಕಾಳು ಹಸನು ಮಾಡುತ್ತಿದ್ದಳು. ಮೊರ ನಿಂತಿತು. ಅಂದಿನಿಂದ ಅವಳ ಮಾತು ಆಡಿಗೂ ಕಹಿಯಾಯಿತು.

"ತಿನ್ನು ಬೇ, ತಿನ್ನು. ಊರಿಗೆಲ್ಲ ಹಾಲು ಕೊಡು, ನಿನ್ನ ಮರಿಗಿ ಮಾತ್ರ ಒದಿ. ಅದನ್ನ ಮೆತ್ತಗ ಮಾಡಿದ ಕೈ ಯಾರದು? ನನ್ನ ರಟ್ಟಿ ಅದರಾಗ ಅದ. ಊರ ಹೊಟ್ಟಿ ಹೊಟ್ಟಿ, ನಂದೇನು ಚೀಲಾ?"

ಮುತ್ಯಾ ಕಂಬಳಿಯನ್ನು ತಲೆಯ ಮೇಲೆ ಎಳೆದುಕೊಂಡು ಗೋಡೆಯ ಕಡೆ ತಿರುಗುತ್ತಿದ್ದ. ದೇವದುರ್ಗದ ತವರಿಗೆ ಅವ್ವ ಹೇಳಿ ಕಳಿಸಲಿಲ್ಲ. ಮನೆಯಲ್ಲಿ ನೂರು ವರ್ಷದ ಜೀವ ಇರುವಾಗ ತವರಿನಿಂದ ಹಳೆ ಬಟ್ಟೆ ಬೇಡುವುದು ಅವಳಿಗೆ ಅವಮಾನವಾಗಿತ್ತು.

ಚಳಿಗಾಲದಲ್ಲಿ ತಮ್ಮ ಹುಟ್ಟಿದ. ಖಾಜಾಬಿ ಹೆರಿಗೆ ಮಾಡಿಸಿದಳು. ಗಟ್ಟಿ ಕೂಸು, ಅತ್ತದ್ದು ಕಟ್ಟೆಯ ತನಕ ಕೇಳಿತು. ಅವ್ವ ತನ್ನದೇ ಒಂದು ಸೀರೆಯಲ್ಲಿ ಸುತ್ತಿಕೊಂಡಳು. ಅದು ಹಳೆಯದೇನೋ ಹೌದು, ಆದರೆ ಜಾಳಾಗಿರಲಿಲ್ಲ. ಅಪ್ಪ ವಿಷಯ ತಿಳಿದು ರಾಯಚೂರಿನಿಂದ ಓಡಿ ಬಂದ. ಪೇಟೆಯಿಂದ ಕೂಸಿಗೆ ಒಂದು ಅಂಗಿ, ಒಂದು ಕುಲಾಯಿ ತಂದಿದ್ದ. ತಿಳಿನೀಲಿ ನೂಲಿನ ಜಾಳಿಗೆ ಹೆಣಿಗೆ, ಅಂಚಿಗೆ ಹೂವು. ಅಷ್ಟು ಚೆಂದದ ವಸ್ತು ನಮ್ಮ ಮನೆಗೆ ಹಿಂದೆಂದೂ ಬಂದಿರಲಿಲ್ಲ. ಅವ್ವ ಅದನ್ನು ಮುಟ್ಟಿ ನೋಡಿ, "ಹೆಸರಿಟ್ಟ ಮ್ಯಾಲ" ಎಂದು ಟ್ರಂಕಿಗೆ ಹಾಕಿದಳು. ಅಪ್ಪ ರಜೆ ಮುಗಿಸಿ ಮಿಲ್ಲಿಗೆ ಹೋದ.

ಐದನೆಯ ದಿನ ಸಂಜೆ ಸೆಟವಿಯ ಪೂಜೆ. ಸೆಟವಿ ಅಂದು ಬಂದು ಕೂಸಿನ ಹಣೆಬರಹ ಬರೆಯುತ್ತಾಳೆ ಎಂಬುದು ನಂಬಿಕೆ. ಅವಳು ಬರುವಾಗ ಕೂಸಿನ ಮೈಮೇಲೆ ಹಿರಿಯರ ಬಟ್ಟೆ ಇರಬೇಕು, ಅದನ್ನು ನೋಡಿ ಅಷ್ಟೇ ಆಯುಷ್ಯ ಬರೆಯುತ್ತಾಳೆ. ಮುತ್ಯಾ ಹೊರಗೆ ಹೋಗಿದ್ದ. ಅವ್ವ ಬಾಣಂತಿ, ಗೋಡೆ ಹಿಡಿದು ಎದ್ದು ಹಿಂದಿನ ಅಂಗಳಕ್ಕೆ ಹೋದಳು. ಬೇವಿನ ಗಿಡಕ್ಕೆ ಕಟ್ಟಿದ್ದ ಹಗ್ಗದ ಮೇಲೆ ಅವನು ದಿನಾ ಉಡುವ ಧೋತರ ಒಣಗುತ್ತಿತ್ತು. ಅದನ್ನು ತಂದು, ಮಡಿಚಿ, ತಮ್ಮನನ್ನು ಸುತ್ತಿದಳು. ನನಗೆ ಬೆರಳಿನಿಂದ ಬಾಯಿ ಮುಚ್ಚಿ ತೋರಿಸಿದಳು. ಆಗ ಅವಳ ಮುಖದಲ್ಲಿದ್ದ ಸಂತೋಷವನ್ನು ನಾನು ಆಮೇಲೆ ನೋಡಲೇ ಇಲ್ಲ. ಮೂಲೆಯಲ್ಲಿ ಕಲ್ಲಿಟ್ಟು, ಅರಿಷಿಣ ಹಚ್ಚಿ, ಎಣ್ಣೆದೀಪ ಬೆಳಗಿಸುತ್ತಿರುವಾಗ ಮುತ್ಯಾ ಬಂದ. ಬಾಣಂತಿಯ ಖೋಲಿಗೆ ಬರುವವನಲ್ಲ, ಹಗ್ಗದ ಮೇಲೆ ಧೋತರ ಇಲ್ಲದ್ದನ್ನು ಕಂಡು ಬಂದಿರಬೇಕು. ಹೊಸ್ತಿಲಲ್ಲಿ ನಿಂತು ಕೂಸನ್ನು ನೋಡಿದ.

"ನಾಗೀ, ನಿಮ್ಮವ್ವನ ಸೀರಿ ತಾ."

ತಂದೆ. ಅವನು ಒಳಗೆ ಬಂದು ಮಂಡಿಯೂರಿ, ತನ್ನ ಕೈಯಿಂದಲೇ ತಮ್ಮನ ಮೈಮೇಲಿನ ಧೋತರ ಬಿಚ್ಚಿದ. ತಮ್ಮ ಚಳಿಗೆ ಕೈಕಾಲು ಸೆಟೆದು ಅತ್ತ. ಸೀರೆಯಲ್ಲಿ ಸುತ್ತಿ ಅವ್ವನ ಮುಂದೆ ಇಟ್ಟು, ಧೋತರವನ್ನು ಕಂಕುಳಲ್ಲಿ ಒತ್ತಿಕೊಂಡು ಹೊರಗೆ ಹೋದ. ಅವ್ವ ಅವನ ಕಡೆ ನೋಡಲಿಲ್ಲ. ದೀಪದ ಮುಂದಿನ ಕಲ್ಲಿಗೆ ಹೇಳಿದಳು.

"ನೋಡಿದ್ಯಾ ಯವ್ವಾ ಸೆಟವೀ? ನೀ ಬರಿಯಾಕ ಬರೋ ಹೊತ್ತಿಗೆ ಕೂಸಿನ ಮೈಮ್ಯಾಗಿಂದು ಕಸಗೊಂಡು ಹೋದ್ರು. ನೀನರ ಕಣ್ಣು ಮುಚ್ಚಿ ಬರಿಯವ್ವಾ."

ಎರಡು ದಿನ ಕಳೆಯುವಷ್ಟರಲ್ಲಿ ತಮ್ಮ ಮೊಲೆ ಹಿಡಿಯುವುದನ್ನು ಬಿಟ್ಟ. ಹಸಿವೆಯಾಗಿಲ್ಲವೇನೋ ಎಂದು ಅವ್ವ ಮೊದಲು ಅಂದುಕೊಂಡಳು. ಆಮೇಲೆ ತುಟಿ ಬಿಗಿಯಿತು. ಬಾಯಿ ತೆರೆಯಲು ಹೋದರೆ ತೆರೆಯುತ್ತಿರಲಿಲ್ಲ. ಬಾಗಿಲು ಬಡಿದುಕೊಂಡರೂ ಸಾಕು, ಮೈಯೆಲ್ಲ ಬಿಲ್ಲಿನ ಹಾಗೆ ಹಿಂದಕ್ಕೆ ಬಾಗುತ್ತಿತ್ತು. ಖಾಜಾಬಿ ನೋಡಿ, "ಯಾ ಅಲ್ಲಾ" ಎಂದು ಕೂತುಬಿಟ್ಟಳು. ಆಮೇಲೆ ತಾನೇ ಎದ್ದು ಅವ್ವನನ್ನು ಎಬ್ಬಿಸಿ ರಾಯಚೂರಿನ ಬಸ್ಸು ಹತ್ತಿಸಿದಳು, ಜೊತೆಗೆ ತಾನೂ ಹೋದಳು. ನಾನು, ಮುತ್ಯಾ ಮನೆಯಲ್ಲಿ ಉಳಿದೆವು. ಅವನು ಅಂದು ಕಟ್ಟೆಯ ಮೇಲೆ ಕೂರಲಿಲ್ಲ. ಅಂಗಳದಲ್ಲಿ ಆಡಿನ ಹತ್ತಿರ ನಿಂತೇ ಇದ್ದ. ಅವರು ರಾಯಚೂರು ಮುಟ್ಟಲಿಲ್ಲ. ದಾರಿಯಲ್ಲೇ ಜೀವ ಹೋಗಿತ್ತು. ಇಳಿದು, ಎದುರಿಗೆ ಬಂದ ಮಾನ್ವಿಯ ಬಸ್ಸು ಹತ್ತಿದರು. ಹೆಣ ಎಂದು ತಿಳಿದರೆ ಕಂಡಕ್ಟರ್ ಇಳಿಸಿಬಿಟ್ಟಾನು ಎಂದು ಅವ್ವ ಸೆರಗು ಮುಚ್ಚಿ, ತಮ್ಮನ ಬಾಯಿಗೆ ಮೊಲೆ ಇಟ್ಟುಕೊಂಡು ಊರ ತನಕ ಕೂತು ಬಂದಳಂತೆ. ಇದನ್ನು ನನಗೆ ಹೇಳಿದವಳು ಖಾಜಾಬಿ. ಅವ್ವ ಯಾವತ್ತೂ ಹೇಳಲಿಲ್ಲ.

ಎಳೆಗೂಸನ್ನು ಮಣ್ಣಿಗೆ ಒಯ್ಯುವುದಕ್ಕೆ ಮಂದಿ ಸೇರುವುದಿಲ್ಲ. ಅಪ್ಪ ಬರುವ ತನಕ ಇಡುವಂತಿರಲಿಲ್ಲ. ಮುತ್ಯಾ ಕೈ ಚಾಚಿದ. ಅವ್ವ ಕೊಟ್ಟಳು. ಅವನು ಒಬ್ಬನೇ ತಮ್ಮನನ್ನು ಎದೆಗೆ ಹಿಡಿದುಕೊಂಡು, ಹೆಗಲ ಮೇಲೆ ಕಂಬಳಿ, ಕೈಯಲ್ಲಿ ಸನಿಕೆ, ಹಳ್ಳದ ಕಡೆ ಹೋದ. ಉಟ್ಟಿದ್ದು ಅದೇ ಧೋತರ. ಬಿಸಿಲು ಇಳಿಯುವ ಹೊತ್ತಿಗೆ ತಿರುಗಿ ಬಂದ. ಓಣಿಯ ಹೆಂಗಸರು ಅವನನ್ನು ನೋಡಿ ಮುಖ ಆಚೆ ತಿರುಗಿಸಿದರು. ಅವನ ಮೈಮೇಲೆ ಲಂಗೋಟಿ ಒಂದೇ ಇತ್ತು, ಹೆಗಲ ಮೇಲೆ ಕಂಬಳಿ. ಒಣಗಿದ ತೊಡೆ, ಮೊಳಕಾಲಿಗೆ ಹಸಿ ಮಣ್ಣು. ಧೋತರ ಇರಲಿಲ್ಲ. ಅವ್ವ ಬಾಗಿಲಲ್ಲಿ ಕೂತಿದ್ದಳು. ಅವನ ಸೊಂಟ ನೋಡಿದಳು. ತಲೆಯ ಮೇಲಿನ ಸೆರಗು ಜಾರಿ ಹೆಗಲಿಗೆ ಬಿದ್ದಿತ್ತು, ಎತ್ತಿಕೊಳ್ಳಲಿಲ್ಲ. ಮದುವೆಯಾಗಿ ಬಂದ ಮೇಲೆ ಮೊದಲ ಸಲ ಅವಳು ಮಾವನ ಕಣ್ಣಲ್ಲಿ ಕಣ್ಣಿಟ್ಟು ಮಾತಾಡಿದಳು.

"ಈಗ ಕೊಟ್ಟ್ಯಾ, ಯಪ್ಪಾ?"

ಮುತ್ಯಾ ಕಂಬಳಿಯನ್ನು ಸೊಂಟಕ್ಕೆ ಸುತ್ತಿಕೊಂಡು ಅವಳನ್ನು ದಾಟಿ ಒಳಗೆ ಹೋದ.

ಆಮೇಲಿನ ವರ್ಷಗಳಲ್ಲಿ ನಮ್ಮ ಮನೆಯಲ್ಲಿ ಜಗಳ ಇರಲಿಲ್ಲ. ಮಾತೇ ಇರಲಿಲ್ಲವಾದ್ದರಿಂದ ಜಗಳಕ್ಕೆ ಜಾಗವಿರಲಿಲ್ಲ. ಅವ್ವ ಆಡಿಗೆ ಹೇಳುವುದನ್ನೂ ಬಿಟ್ಟಳು. ಮುತ್ಯಾನ ತಾಟು ಹೊತ್ತಿಗೆ ಸರಿಯಾಗಿ ಕಟ್ಟೆಯ ಮೇಲೆ ಬರುತ್ತಿತ್ತು, ಖಾಲಿಯಾಗಿ ಒಳಗೆ ಹೋಗುತ್ತಿತ್ತು. ಉಪ್ಪು ಕಡಿಮೆಯಾದರೆ ಅವನು ಹಾಗೇ ತಿನ್ನುತ್ತಿದ್ದ. ಬಿಚ್ಚಿದ್ದರಿಂದ ಕೂಸು ಹೋಯಿತು ಎಂದು ಅವ್ವ ನಂಬಿದ್ದಳು. ಅಪ್ಪ ಬಂದಾಗ ಒಮ್ಮೆ ಅವನೆದುರು ಹೇಳಿ ಅತ್ತಳು. ಅಪ್ಪ ಮುತ್ಯಾನನ್ನು ಕೇಳಲೂ ಇಲ್ಲ, ಅವ್ವನನ್ನು ಸಮಾಧಾನ ಮಾಡಲೂ ಇಲ್ಲ. ಜಾಳಿಗೆ ಬನಿಯನ್ನು ತಲೆಯ ಮೇಲೆ ಎಳೆದುಕೊಂಡು ಅಂಗಳದಲ್ಲಿ ಕೂತಿದ್ದ. ಅವನು ತಂದ ನೀಲಿ ಅಂಗಿಯೂ ಕುಲಾಯಿಯೂ ಯಾರ ಮನೆಗೋ ಹೋದವು. ಹೆಂಗಸರು ಮಾತ್ರ ಬರುವುದನ್ನು ಬಿಡಲಿಲ್ಲ. ಮುತ್ಯಾ ಎಲ್ಲರಿಗೂ ಒಂದೇ ಮಾತು ಹೇಳುತ್ತಿದ್ದ, "ಇನ್ನಾ ಜಾಳ ಆಗಿಲ್ಲವ್ವಾ." ಅದು ಸುಳ್ಳಾಗಿರಲಿಲ್ಲ. ಹಳ್ಳದಲ್ಲಿ ನಾನು ನೋಡುತ್ತಿದ್ದೆ. ಅವ್ವ ನಮ್ಮ ಬಟ್ಟೆಗಳನ್ನು ಮೊದಲಿನಂತೆ ಬಡಿದು ಒಗೆಯುತ್ತಿದ್ದಳು, ಅವನ ಧೋತರವನ್ನು ಮಾತ್ರ ನೀರಲ್ಲಿ ಅದ್ದಿ, ಮೆಲ್ಲಗೆ ಹಿಂಡಿ, ಹರವುತ್ತಿದ್ದಳು. ಕಲ್ಲಿಗೆ ತಾಗಿಸುತ್ತಿರಲಿಲ್ಲ. ಅದು ಜಾಳಾಗದಂತೆ ಅವಳು ನೋಡಿಕೊಂಡಳು. ಇನ್ನೊಬ್ಬಳ ಕೂಸಿಗೆ ಹೋಗದಿರಲಿ ಎಂದೋ, ಬೇರೇನೋ, ನಾನು ಕೇಳಲಿಲ್ಲ. ಮುತ್ಯಾನಿಗೂ ಅದು ಗೊತ್ತಿತ್ತು. ಮೈಗೆ ಚುಚ್ಚುವ ಬಿರುಸು ಬಟ್ಟೆಯನ್ನೇ ಉಟ್ಟು ತಿರುಗಿದ. ಅವರಿಬ್ಬರೂ ಮಾತಿಲ್ಲದೆ ಒಪ್ಪಿಕೊಂಡ ಸಂಗತಿ ಅದೊಂದೇ ಇರಬೇಕು.

ನಾನು ಹೈಸ್ಕೂಲಿಗೆ ಹೋಗುವ ಕಾಲಕ್ಕೆ ಮುತ್ಯಾ ನೆಲ ಹಿಡಿದ. ಮುದುಕರು ಸಾಯುವಾಗ ಕೂಗುತ್ತಾರೆ, ಬೈಯುತ್ತಾರೆ. ಅವನು ಏನೂ ಮಾಡಲಿಲ್ಲ, ದಿನದಿನಕ್ಕೆ ತೆಳ್ಳಗಾದ. ಖಾಜಾಬಿ ಬಂದು ನೋಡಿ, "ಮುತ್ಯಾ ಜಾಳ ಆಗ್ಯಾನ" ಎಂದಳು. ಮನುಷ್ಯನಿಗೆ ಆ ಮಾತು ಹೇಳಿದ್ದನ್ನು ನಾನು ಕೇಳಿದ್ದು ಅದೇ ಮೊದಲು. ಅವ್ವ ದಿನಾ ಎರಡು ಹೊತ್ತು ಗಂಜಿ ಕುಡಿಸುತ್ತಿದ್ದಳು, ಮುಖ ಬೇರೆ ಕಡೆ ಮಾಡಿಕೊಂಡು. ಒಂದು ಬೆಳಿಗ್ಗೆ ಅವನು ಚಮಚದಿಂದ ಬಾಯಿ ತಪ್ಪಿಸಿ, ನನ್ನ ಮೂಲಕವಲ್ಲ, ನೇರವಾಗಿ ಅವಳಿಗೆ ಹೇಳಿದ.

"ಯವ್ವಾ, ಕೇಳು. ಜಾಲಹಳ್ಳ್ಯಾಗ ನಂಗ ಐದು ಮಂದಿ ಹುಟ್ಟಿದ್ರು. ನಾಕು ಮಂದಿನ್ನ ನನ್ನ ಧೋತ್ರದಾಗ ಸುತ್ತಿದ್ದೆ. ಒಂದೂ ಉಳೀಲಿಲ್ಲ. ನಿನ್ನ ಗಂಡ ಒಬ್ಬ ಅಡವ್ಯಾಗ ಹುಟ್ಟಿದ, ಕುರಿ ಜೋಡಿ ಇದ್ವಿ, ಅರಿವಿ ಇರಲಿಲ್ಲ. ಕಂಬಳ್ಯಾಗ ಸುತ್ತಿದ್ವಿ. ಅವ ಉಳದ."

ಅವ್ವ ಚಮಚವನ್ನು ಬಟ್ಟಲಲ್ಲಿ ಇಟ್ಟಳು.

"ಅವತ್ತ ಹೇಳಬೇಕಿತ್ತಲ್ಲ ಯಪ್ಪಾ."

"ಬಾಯಾಗ ಬಂದ್ರ ಖರೇ ಆಗತದಂತ ಅಂಜಿದೆ. ಮಂದಿ ಕೂಸುಗೋಳು ಉಳದ್ವು. ನನ್ನ ಆಯುಷ್ಯ ಮನಿ ಬಿಟ್ಟು ಹೊರಗಿನವರಿಗಿ ಹತ್ತತದ ಅಂತ ತಿಳದೆ. ನೀ ಸುತ್ತಿದ್ದು ನೋಡಿ ನನ್ನ ಜೀವ ಹೋತು. ಬಿಚ್ಚಿದೆ. ಬಿಚ್ಚೂದ್ರಾಗ ತಡಾ ಆಗಿತ್ತು."

ಒಂದೇ ಧೋತರ. ಸುತ್ತಿದ್ದರಿಂದ ಹೋಯಿತು ಎಂದು ಅವನು, ಬಿಚ್ಚಿದ್ದರಿಂದ ಹೋಯಿತು ಎಂದು ಅವಳು, ಒಂದೇ ಸೂರಿನ ಕೆಳಗೆ ಅಷ್ಟು ವರ್ಷ ಕಳೆದಿದ್ದರು. ಗಂಜಿ ಅವನ ಗಡ್ಡಕ್ಕೆ ಇಳಿದಿತ್ತು. ಪಕ್ಕದಲ್ಲಿ ಒರೆಸುವ ಬಟ್ಟೆ ಇತ್ತು. ಅವ್ವ ಅದನ್ನು ತೆಗೆದುಕೊಳ್ಳಲಿಲ್ಲ, ತನ್ನ ಸೆರಗಿನಿಂದ ಒರೆಸಿದಳು. ಆ ವಾರವೇ ಅವನು ಹೋದ.

ನಾನು ಮುಂದೆ ಬಾಗಲವಾಡದಲ್ಲಿ ಅಂಗನವಾಡಿ ಟೀಚರಾದೆ. ತರಬೇತಿಯಲ್ಲಿ ಒಂದು ದಿನ ಡಾಕ್ಟರಮ್ಮ ಬಂದು ಧನುರ್ವಾಯುವಿನ ಬಗ್ಗೆ ಹೇಳಿದರು. ಹುಟ್ಟಿದಾಗ ಚೆನ್ನಾಗಿ ಅಳುವ, ಮೊಲೆ ಹಿಡಿಯುವ ಕೂಸು ವಾರದ ಹೊತ್ತಿಗೆ ಬಾಯಿ ಬಿಗಿಯುತ್ತದೆ, ಸದ್ದಾದರೆ ಬಿಲ್ಲಿನಂತೆ ಬಾಗುತ್ತದೆ. ಹೊಕ್ಕಳು ಕೊಯ್ದ ಗಾಯದಿಂದ ನಂಜು ಒಳಗೆ ಹೋಗುತ್ತದೆ. ಬಸುರಿಗೆ ಸೂಜಿ ಹಾಕಿಸಿದ್ದರೆ ಬರುವುದಿಲ್ಲ. ಕೇಳುತ್ತಾ ಕೇಳುತ್ತಾ ನನಗೆ ಆ ಕೋಣೆಯ ಗೋಡೆ ಕಾಣದಾಯಿತು. ಮನೆಗೆ ಬಂದು ಅವ್ವನಿಗೆ ಹೇಳಿದೆ. ಅವಳು ಶೇಂಗಾ ಸುಲಿಯುತ್ತಿದ್ದಳು.

"ಸೂಜಿ ಹಾಕಿಸಿದ್ರ ಉಳಿತಿದ್ದನೇನು?"

"ಉಳಿತಿದ್ದ ಅವ್ವಾ. ಆವಾಗ ಯಾರಿಗಿ ಗೊತ್ತಿತ್ತು?"

"ಅಂದ್ರ ಮುತ್ಯಾನೂ ಅಲ್ಲ, ಧೋತ್ರಾನೂ ಅಲ್ಲ."

"ಅಲ್ಲ."

ಅವಳು ಕೈಯಲ್ಲಿದ್ದ ಕಾಯಿಯನ್ನು ಸುಲಿಯದೆ ಮೊರಕ್ಕೆ ಹಾಕಿದಳು.

"ಹಂಗಾರ ಇಷ್ಟು ವರ್ಷ ನಾ ಯಾರನ್ನ ಬೈದೆ?"

ಅವಳಿಗೆ ನೆಮ್ಮದಿಯಾಗುತ್ತದೆ ಎಂದುಕೊಂಡಿದ್ದೆ. ಕೋಪ ಹೋದ ಜಾಗದಲ್ಲಿ ನೆಮ್ಮದಿ ಬಂದು ಕೂರುವುದಿಲ್ಲ ಎಂಬುದನ್ನು ಅವ್ವನ ಮುಖ ನೋಡಿ ತಿಳಿದುಕೊಂಡೆ. ಅವಳು ಆಮೇಲೆ ಮುತ್ಯಾನ ದಿನದಂದು ಎಡೆ ಇಡುವಾಗ ಉಪ್ಪನ್ನು ಬೇರೆಯಾಗಿ ಒಂದು ಚಿಟಿಕೆ ಎಲೆಯ ತುದಿಗೆ ಹಾಕತೊಡಗಿದಳು.

ಈ ವರ್ಷ ಅವ್ವ ಹಾಸಿಗೆ ಹಿಡಿದಾಗ ಅವಳ ಮೈ ತೊಳೆಯುವುದು, ಬಟ್ಟೆ ಬದಲಿಸುವುದು ನನ್ನ ಕೆಲಸವಾಯಿತು. ನೈಲಾನು ಮೈಗೆ ತಾಗಿದರೆ ಉರಿ ಎನ್ನುತ್ತಿದ್ದಳು. ಅಪ್ಪ ಬದುಕಿದ್ದಾಗ ಕೊಡಿಸಿದ್ದ ಒಂದು ನೂಲಿನ ಸೀರೆಯನ್ನೇ ಮತ್ತೆ ಮತ್ತೆ ಒಗೆದು ಹೊದಿಸುತ್ತಿದ್ದೆ. ಒಂದು ಬೆಳಿಗ್ಗೆ ಅವಳ ಕೈ ಒರೆಸುತ್ತಿದ್ದಾಗ ಬಾಗಿಲಿನಿಂದ ಬಿಸಿಲು ಬಿತ್ತು. ಆ ಕೈಯಲ್ಲಿ ನರ, ಎಲುಬು, ಎಲ್ಲ ಕಾಣುತ್ತಿದ್ದವು. ನಾನು ನೋಡುತ್ತಿರುವುದನ್ನು ಅವಳು ನೋಡಿದಳು.

"ಬೆರಳು ಕಾಣಸ್ತಾವೇನು?"

"ಇಲ್ಲವ್ವಾ."

"ಸುಳ್ಳ ಹೇಳಬ್ಯಾಡ. ಜಾಳ ಆಗೀನಿ." ಹೊದ್ದಿದ್ದ ಸೀರೆಯನ್ನು ಹಿಡಿದು ತೋರಿಸಿದಳು. "ಇದನ್ನ ನನ್ನ ಜೋಡಿ ಮಣ್ಣಿಗಿ ಹಾಕು. ಮೊಮ್ಮಗಳು ಕೇಳ್ತಾಳ, ಕೊಡಬ್ಯಾಡ. ಮುತ್ಯಾ ಅಂದಿದ್ದು ಖರೇ ಇದ್ರ ಮನ್ಯಾಗ ಇರಬಾರದು. ಸುಳ್ಳಿದ್ರ ಯಾರಿಗೂ ಬೇಕಾಗಿಲ್ಲ."

"ನಾ ಸೂಜಿ ಹಾಕಿಸೀನವ್ವಾ ಅಕಿಗಿ. ಎಲ್ಲಾ ಹಾಕಿಸೀನಿ."

"ಹಾಕಸು. ಅದೂ ಇರಲಿ, ಇದೂ ಇರಲಿ."

ಹಾಗಾಗಿ ಮಗಳು ಕೇಳಿದಾಗ ಕೊಡುವುದಕ್ಕೆ ನನ್ನಲ್ಲಿ ಏನೂ ಇರಲಿಲ್ಲ. ಫೋನ್ ಬಂದ ನಾಲ್ಕನೆಯ ದಿನ ಅಳಿಯ ದವಾಖಾನೆಗೆ ಸೇರಿಸಿದ್ದೇವೆ ಎಂದು ಹೇಳಿದ. ಟ್ರಂಕಿನ ಸೀರೆಗಳನ್ನೆಲ್ಲ ಇನ್ನೊಮ್ಮೆ ನೋಡಿದೆ. ಆಮೇಲೆ ಏಣಿ ಹಾಕಿ ಅಟ್ಟದಿಂದ ಮುತ್ಯಾನ ಕರಿ ಕಂಬಳಿ ಇಳಿಸಿದೆ. ಅಪ್ಪನನ್ನು ಸುತ್ತಿದ್ದು ಇದೇ ಕಂಬಳಿಯೋ, ಇನ್ನೊಂದೋ, ಹೇಳುವವರು ಯಾರೂ ಉಳಿದಿಲ್ಲ. ಹಳ್ಳದಿಂದ ಅವನು ತಿರುಗಿ ಬಂದಾಗ ಹೆಗಲ ಮೇಲಿದ್ದದ್ದು ಮಾತ್ರ ಇದೇ. ಕೂಸನ್ನು ಶುಚಿಯಾದ ಹತ್ತಿ ಬಟ್ಟೆಯಲ್ಲೇ ಸುತ್ತಬೇಕು ಎಂದು ಊರ ತಾಯಂದಿರಿಗೆಲ್ಲ ಹೇಳುವವಳು ನಾನು. ಕಂಬಳಿಯನ್ನು ಒಗೆದು, ಎರಡು ದಿನ ಸುಡು ಬಿಸಿಲಿಗೆ ಹಾಕಿ ಮತ್ತೆ ಅಟ್ಟಕ್ಕೆ ಏರಿಸಿದ್ದೆ ಎಂದರೆ ಅಳಿಯನ ಫೋನ್ ಬರುವ ಮೊದಲೇ ತೀರ್ಮಾನಿಸಿದ್ದೆ ಎಂದೇ ಆಯಿತು. ಆಟೋ ತಂದವನು ಮೆಹಬೂಬ್. ಅವನಿಗೂ ಈಗ ತಲೆ ನರೆತಿದೆ. ಕಂಬಳಿ ನೋಡಿ ನಕ್ಕ.

"ಏನಕ್ಕಾ, ಈ ಬಿಸಿಲಾಗ ಕಂಬಳಿ? ಕುರಿ ಕಾಯಾಕ ಹೊಂಟೀಯೇನು ರಾಯಚೂರಿಗಿ?"

"ಹೌದಪಾ, ಒಂದು ಮರಿ ಹಾಕತದ."

ನಾನು ಹೋಗುವಷ್ಟರಲ್ಲಿ ಹೆರಿಗೆಯಾಗಿತ್ತು. ಗಂಡು ಕೂಸು. ದವಾಖಾನೆಯ ಬಿಳಿ ಬಟ್ಟೆಯಲ್ಲಿ ಸುತ್ತಿ ಮಗಳ ಪಕ್ಕದಲ್ಲಿ ಮಲಗಿಸಿದ್ದರು. ಅಳಿಯನ ತಾಯಿ ನನ್ನ ಕೈಯಲ್ಲಿದ್ದದ್ದನ್ನು ನೋಡಿ ಕೂಸಿನ ಕಡೆ ತಿರುಗಿದರು. ಮಗಳು ಮಾತ್ರ ಕೇಳಿದಳು.

"ಆಯಿ ಸೀರಿ ಎಲ್ಲಿ ಅವ್ವಾ? ಇದೇನು ತಂದಿ?"

"ನಿಮ್ಮಜ್ಜ, ನಮ್ಮಪ್ಪ, ಕೂಸಿದ್ದಾಗ ಇದರಾಗ ಮಲಗಿದ್ದ."

ಅವಳು ದಣಿದಿದ್ದಳು, ಕಣ್ಣು ಮುಚ್ಚಿದಳು. ಕೂಸಿನ ಬಟ್ಟೆಯನ್ನು ನಾನು ಬಿಚ್ಚಲಿಲ್ಲ, ಮುಟ್ಟಲೂ ಇಲ್ಲ. ಕಂಬಳಿಯನ್ನು ಮಂಚದ ಹಾಸಿಗೆಯ ಕೆಳಗೆ ಹಾಸುವುದೆಂದು ಕಿಟಕಿಯ ಹತ್ತಿರ ಒಯ್ದು ಮಡಿಕೆ ಬಿಚ್ಚಿದೆ. ಹೊರಗೆ ರಾಯಚೂರಿನ ಬಿಸಿಲು ಬೆಂಕಿಯ ಹಾಗೆ ಇತ್ತು. ಕಂಬಳಿಯನ್ನು ಆ ಬೆಳಕಿಗೆ ಎತ್ತಿ ಹಿಡಿದು, ಹಿಂದೆ ಕೈ ಅಗಲಿಸಿದೆ. ಒಂದು ಬೆರಳೂ ಕಾಣಲಿಲ್ಲ.